‘ಇಲ್ಲ’ ಎಂಬ ಉತ್ತರ

ಪ್ರಶ್ನೆ ಕೇಳಿದವನಿಗೆ ‘ಹೌದು’ ಎಂಬ ಉತ್ತರ ದೊರೆತರೆ ಸಂತೋಷವಾಗುತ್ತದೆ. ‘ಇಲ್ಲ’ ಎಂಬ ಉತ್ತರ ದೊರೆತರೆ ಮುಖ ಬಾಡುತ್ತದೆ. ಇದು ಲೋಕರೂಢಿ. ವಿಜ್ಞಾನದ ವಿಷಯದಲ್ಲಿಯೂ ನಾವು ಈ ರೂಢಿಯನ್ನೇ ಅನುಸರಿಸುತ್ತೇವೆ. ಹೊಸ ಕಣವೊಂದು ಸಿಕ್ಕಿತೆಂದರೆ ಪತ್ರಿಕೆಗಳು ದಪ್ಪ ಅಕ್ಷರಗಳಲ್ಲಿ ಸುದ್ದಿಯನ್ನು ಅಚ್ಚು ಹಾಕುತ್ತವೆ. ಹತ್ತು ವರ್ಷ ಹುಡುಕಿದರೂ ಸಿಗಲಿಲ್ಲವೆಂದರೆ, ಹೊಳೆಯಲ್ಲಿ ಹುಣಸೆಹಣ್ಣು ಕಿವುಚಿದಂತಾಯಿತು ಎಂದು ನಾವು ತೀರ್ಪು ಕೊಟ್ಟುಬಿಡುತ್ತೇವೆ. ವಸ್ತುವಿನ ಮೂಲವನ್ನು ಅರಸಿ ಹೊರಟವರ ಚರಿತ್ರೆಯನ್ನು ಓದಿದಾಗಲೆಲ್ಲ ಈ ತೀರ್ಪು ಅನ್ಯಾಯದ್ದೆಂದು ನನಗೆ ತೋರಿದೆ. ಆ ಚರಿತ್ರೆಯ ಬಹು ಮುಖ್ಯವಾದ ಒಂದು ಅಧ್ಯಾಯ ನಡೆದದ್ದು ನಮ್ಮ ಕೋಲಾರದ ಚಿನ್ನದ ಗಣಿಯಲ್ಲಿ. ಅದನ್ನು ಹೇಳುವುದಕ್ಕೆ ಮೊದಲು ಸ್ವಲ್ಪ ಹಿಂದಿನಿಂದ ಆರಂಭಿಸಬೇಕು.

ಬೆಳಗಿನ ಹೊತ್ತು ಗವಾಕ್ಷಿಯಿಂದ ಕೋಣೆಯೊಳಕ್ಕೆ ಬಿಸಿಲುಕೋಲು ಚಾಚಿಕೊಂಡಾಗ ಅದರಲ್ಲಿ ತೇಲಾಡುವ ಧೂಳಿನ ಕಣಗಳನ್ನು ನೀವು ನೋಡಿರುತ್ತೀರಿ. ನಮ್ಮ ನ್ಯಾಯ–ವೈಶೇಷಿಕ ದರ್ಶನದವರು ಆ ಕಣವನ್ನೇ ತಮ್ಮ ಲೆಕ್ಕದ ಆರಂಭವಾಗಿ ಇಟ್ಟುಕೊಂಡರು. ಕಣ್ಣಿಗೆ ಕಾಣುವ ವಸ್ತುಗಳಲ್ಲಿ ಅದೇ ಅತಿ ಚಿಕ್ಕದು. ಅದಕ್ಕೆ ತ್ರ್ಯಣುಕವೆಂದು ಹೆಸರು. ಮೂರು ದ್ವ್ಯಣುಕಗಳು ಕೂಡಿ ಒಂದು ತ್ರ್ಯಣುಕ. ಎರಡು ಪರಮಾಣುಗಳು ಕೂಡಿ ಒಂದು ದ್ವ್ಯಣುಕ. ಪರಮಾಣುವನ್ನು ಮಾತ್ರ ಮತ್ತೆ ಒಡೆಯಲು ಬಾರದು. ಏಕೆ ಬಾರದು? ಒಡೆಯುವುದಕ್ಕೆ ಕೊನೆಯೇ ಇಲ್ಲವೆಂದಾದರೆ ಮೇರುಪರ್ವತಕ್ಕೂ ಅನಂತ ಭಾಗಗಳು, ಸಾಸಿವೆಕಾಳಿಗೂ ಅನಂತ ಭಾಗಗಳು. ಆಗ ಮೇರುವೂ ಸಾಸಿವೆಯೂ ಸಮವೆಂದು ಹೇಳಬೇಕಾದೀತು. ಹಾಗಾಗಬಾರದೆಂದರೆ ಎಲ್ಲಿಯೋ ಒಂದು ಕಡೆ ನಿಲ್ಲಲೇಬೇಕು. ಎಂಥ ಸೊಗಸಾದ ತರ್ಕ! ವೈಶೇಷಿಕ ದರ್ಶನದ ಮೂಲಪುರುಷನಾದ ಕಣಾದನ ಹೆಸರಿಗೆ ‘ಕಾಳುಗಳನ್ನು ಆಯ್ದು ತಿನ್ನುವವನು’ ಎಂದು ಪರಂಪರೆ ಅರ್ಥ ಹೇಳುತ್ತದೆ. ಸಣ್ಣದನ್ನು ಕಡೆಗಣಿಸದವನು ಎಂದು ನಾನು ಅದನ್ನು ಅರ್ಥಮಾಡಿಕೊಂಡಿದ್ದೇನೆ.

ಇಷ್ಟು ಹೇಳಿದೊಡನೆ ಕೆಲವರು ಒಂದು ಹೆಜ್ಜೆ ಮುಂದಕ್ಕೆ ಹೋಗುತ್ತಾರೆ. ಈಗಿನ ಪರಮಾಣು ವಿಜ್ಞಾನವೆಲ್ಲ ಕಣಾದನಿಗೆ ಮೊದಲೇ ತಿಳಿದಿತ್ತು, ಪಶ್ಚಿಮದವರು ಹೇಳಿದ್ದರಲ್ಲಿ ಹೊಸದೇನೂ ಇಲ್ಲ ಎನ್ನುತ್ತಾರೆ. ಈ ಮಾತನ್ನು ನಾನು ಒಪ್ಪಲಾರೆ. ಕಣಾದನ ಪರಮಾಣುಗಳು ನಾಲ್ಕು ಬಗೆಯವು: ಪೃಥ್ವಿ, ಅಪ್, ತೇಜಸ್ಸು, ವಾಯು. ಅವುಗಳಲ್ಲಿ ಇಂದಿನ ಎಲೆಕ್ಟ್ರಾನನ್ನು ಹುಡುಕುವುದು ಕಣಾದನಿಗೆ ಮಾಡುವ ಗೌರವವಲ್ಲ; ಅವನು ಕೇಳಿದ ಪ್ರಶ್ನೆಯನ್ನು ಸರಿಯಾಗಿ ಓದದಿರುವುದರ ಗುರುತು. ನಮ್ಮ ಹಿರಿಯರು ಕೂಡ ಅವನ ಮಾತನ್ನು ಸುಮ್ಮನೆ ತಲೆದೂಗಿ ಒಪ್ಪಲಿಲ್ಲ. ಒಂದು ಪರಮಾಣುವಿಗೆ ಆರು ದಿಕ್ಕುಗಳಿಂದ ಆರು ಪರಮಾಣುಗಳು ಬಂದು ಕೂಡಿದರೆ ಅದಕ್ಕೆ ಆರು ಪಕ್ಕಗಳಿರಬೇಕಾಯಿತು; ಪಕ್ಕಗಳುಳ್ಳದ್ದು ಭಾಗಗಳಿಲ್ಲದ್ದು ಹೇಗಾದೀತು ಎಂದು ಬೌದ್ಧ ವಿದ್ವಾಂಸನಾದ ವಸುಬಂಧು ಕೇಳಿದನು. ಶಂಕರಾಚಾರ್ಯರು ತಮ್ಮ ಬ್ರಹ್ಮಸೂತ್ರಭಾಷ್ಯದಲ್ಲಿ ಪರಮಾಣುವಾದವನ್ನು ಖಂಡಿಸಿದರು. ‘ಇಲ್ಲ’ ಎನ್ನುವ ಧೈರ್ಯ ಈ ನಾಡಿನಲ್ಲಿ ಸಾಕಷ್ಟು ಇತ್ತು. ಇಲ್ಲದಿದ್ದುದು ಒಂದೇ: ವಾದಿಗಳಿಬ್ಬರನ್ನೂ ಬಿಟ್ಟು, ವಸ್ತುವನ್ನೇ ಕೇಳಿ ಉತ್ತರ ಪಡೆಯುವ ಉಪಕರಣ. ಆ ಕಾಲದಲ್ಲಿ ಅದು ಲೋಕದಲ್ಲಿ ಎಲ್ಲಿಯೂ ಇರಲಿಲ್ಲ. ಗ್ರೀಸಿನ ಡೆಮಾಕ್ರಿಟಸನೂ ಇದೇ ಬಗೆಯ ವಿಚಾರ ಮಾಡಿದವನು. ಅವನ ಕೈಯೂ ಬರಿದಾಗಿಯೇ ಇತ್ತು.

ಮೊದಲು ಬಂದ ಉಪಕರಣ ತಕ್ಕಡಿ. ವಸ್ತುಗಳು ಒಂದರೊಡನೊಂದು ಸೇರುವಾಗ ತೂಕದಲ್ಲಿ ಒಂದು ನಿಯಮ ಇರುವುದನ್ನು ಆಧಾರವಾಗಿಟ್ಟುಕೊಂಡು, ಪ್ರತಿಯೊಂದು ಧಾತುವಿಗೂ ಅದರದೇ ಆದ ಪರಮಾಣು ಉಂಟೆಂದು ಇಂಗ್ಲೆಂಡಿನ ಜಾನ್ ಡಾಲ್ಟನ್ ೧೮೦೮ರಲ್ಲಿ ಪ್ರಕಟಿಸಿದ ಗ್ರಂಥದಲ್ಲಿ ವಾದಿಸಿದನು. ಡಾಲ್ಟನ್ನನ ಪರಮಾಣುವೂ ಒಡೆಯಲಾಗದ್ದೇ. ಆದರೆ ಆ ಮಾತು ನೂರು ವರ್ಷವೂ ನಿಲ್ಲಲಿಲ್ಲ. ೧೮೯೭ರಲ್ಲಿ ಜೆ. ಜೆ. ಥಾಮ್ಸನ್ ಎಲೆಕ್ಟ್ರಾನನ್ನು ಗುರುತಿಸಿದನು. ಅದು ಎಲ್ಲಕ್ಕಿಂತ ಹಗುರವಾದ ಜಲಜನಕದ ಪರಮಾಣುವಿಗಿಂತಲೂ ಸುಮಾರು ೧೮೦೦ ಪಾಲು ಹಗುರ. ಅನಂತರ ರುದರ್‌ಫರ್ಡನ ಪ್ರಯೋಗಶಾಲೆಯಲ್ಲಿ ಗೈಗರ್ ಮತ್ತು ಮಾರ್ಸ್‌ಡನ್ ಎಂಬ ಇಬ್ಬರು ತರುಣರು ತೆಳುವಾದ ಚಿನ್ನದ ರೇಕಿನ ಮೇಲೆ ಆಲ್ಫಾ ಕಣಗಳನ್ನು ಹಾಯಿಸಿದರು. ಚಿನ್ನವೇ ಏಕೆಂದರೆ, ಬಡಿದಷ್ಟೂ ತೆಳ್ಳಗಾಗುವ ಗುಣ ಅದಕ್ಕಿದೆ; ನಮ್ಮ ಅಕ್ಕಸಾಲಿಗರಿಗೆ ಇದು ಯಾವ ಕಾಲದಿಂದಲೋ ಗೊತ್ತು. ಬಹುಪಾಲು ಕಣಗಳು ರೇಕನ್ನು ನೇರವಾಗಿ ದಾಟಿ ಹೋದುವು. ಎಲ್ಲೋ ಕೆಲವು ಬಂದ ದಾರಿಗೇ ಹಿಮ್ಮರಳಿದುವು. ಪರಮಾಣುವಿನ ಬಹುಭಾಗ ಬರಿಯ ಬಯಲು, ನಡುವೆ ಗಟ್ಟಿಯಾದ ಒಂದು ಬೀಜ ಎಂದು ರುದರ್‌ಫರ್ಡ್ ೧೯೧೧ರಲ್ಲಿ ತೀರ್ಮಾನಿಸಿದನು. ಪರಮಾಣುವನ್ನು ನಿಮ್ಮ ಶಾಲೆಯ ಆಟದ ಬಯಲಿನಷ್ಟು ಹಿಗ್ಗಿಸಿದರೆ ಅದರ ಬೀಜ ಬಯಲಿನ ನಡುವೆ ಇಟ್ಟ ಸಾಸಿವೆಕಾಳಿನಷ್ಟು ಆದೀತು. ಹಳೆಯ ತರ್ಕದ ಸಾಸಿವೆ ಹೀಗೆ ಮತ್ತೊಮ್ಮೆ ನಮ್ಮ ಮುಂದೆ ಬರುತ್ತದೆ.

ಬೀಜವೂ ಒಡೆಯಿತು, ಅದರೊಳಗೆ ಪ್ರೋಟಾನು, ನ್ಯೂಟ್ರಾನುಗಳು ಕಂಡುವು. ನ್ಯೂಟ್ರಾನನ್ನು ೧೯೩೨ರಲ್ಲಿ ಚಾಡ್‌ವಿಕ್ ಕಂಡುಹಿಡಿದಾಗ ಮೂಲಕಣಗಳ ಪಟ್ಟಿ ಮುಗಿಯಿತೆಂದು ಎಷ್ಟೋ ಮಂದಿಗೆ ಅನಿಸಿತು. ಆಮೇಲೆ ಬಂದ ಕಣಗಳ ಜಾತ್ರೆಯನ್ನು ಇಲ್ಲಿ ವರ್ಣಿಸುವುದಿಲ್ಲ. ೧೯೬೪ರಲ್ಲಿ ಗೆಲ್‌ಮನ್ ಮತ್ತು ಜ್ವೈಗ್ ಎಂಬವರು, ಪ್ರೋಟಾನು ಕೂಡ ಮೂಲಕಣವಲ್ಲ, ಅದು ಮೂರು ಕ್ವಾರ್ಕುಗಳಿಂದಾದದ್ದು ಎಂದು ಬೇರೆಬೇರೆಯಾಗಿ ಸೂಚಿಸಿದರು. ೧೯೬೮ರ ಹೊತ್ತಿಗೆ ಅಮೆರಿಕದ ಸ್ಟ್ಯಾನ್‌ಫರ್ಡಿನಲ್ಲಿ ನಡೆದ ಪ್ರಯೋಗಗಳು ಪ್ರೋಟಾನಿನೊಳಗೆ ಸಣ್ಣ ಗಟ್ಟಿ ಕಾಳುಗಳಿರುವುದನ್ನು ತೋರಿಸಿದುವು. ಇಂದಿನ ಲೆಕ್ಕದಂತೆ ವಸ್ತುವಿನ ಮೂಲಕಣಗಳು ಹನ್ನೆರಡು: ಆರು ಕ್ವಾರ್ಕುಗಳು, ಎಲೆಕ್ಟ್ರಾನಿನ ಬಳಗದ ಆರು ಲೆಪ್ಟಾನುಗಳು. ನೀವು, ನಾನು, ಈ ಪುಸ್ತಕ, ಎದುರಿಗಿರುವ ಕಪ್ಪುಹಲಗೆ ಎಲ್ಲಕ್ಕೂ ಅವುಗಳಲ್ಲಿ ಮೂರೇ ಸಾಕು: ‘ಅಪ್’ ಕ್ವಾರ್ಕು, ‘ಡೌನ್’ ಕ್ವಾರ್ಕು, ಎಲೆಕ್ಟ್ರಾನು. ಈ ‘ಅಪ್’ ಎಂಬುದು ಮೇಲಕ್ಕೆ ಎಂಬ ಅರ್ಥದ ಇಂಗ್ಲಿಷ್ ಶಬ್ದ. ಕಣಾದನ ‘ಅಪ್’ ಇದೇ ಎಂದು ಯಾರೂ ಲೇಖನ ಬರೆಯದಿರಲಿ!

ಹನ್ನೆರಡರ ಪಟ್ಟಿಯಲ್ಲಿ ಮೂರು ನ್ಯೂಟ್ರಿನೋಗಳಿವೆ. ಈ ಕಣ ಹುಟ್ಟಿದ್ದು ಲೆಕ್ಕದ ಪುಸ್ತಕದಲ್ಲಿ ಎಂದರೆ ತಪ್ಪಾಗಲಾರದು. ಕೆಲವು ಪರಮಾಣು ಬೀಜಗಳು ಎಲೆಕ್ಟ್ರಾನನ್ನು ಹೊರಸೂಸಿ ಬದಲಾಗುವಾಗ ಶಕ್ತಿಯ ಜಮಾ–ಖರ್ಚು ತಾಳೆ ಬೀಳುತ್ತಿರಲಿಲ್ಲ. ಶಕ್ತಿ ನಾಶವಾಗದೆಂಬ ನಿಯಮವನ್ನೇ ಕೈಬಿಡೋಣವೇ ಎಂದು ನೀಲ್ಸ್ ಬೋರನಂಥ ದೊಡ್ಡವರೂ ಯೋಚಿಸಿದರು. ೧೯೩೦ರಲ್ಲಿ ಪೌಲಿ, ನಿಯಮ ಸರಿಯಾಗಿದೆ, ಕಾಣದ ಕಣವೊಂದು ಶಕ್ತಿಯ ಉಳಿದ ಪಾಲನ್ನು ಹೊತ್ತೊಯ್ಯುತ್ತಿರಬೇಕು ಎಂದನು. ವಿದ್ಯುದಂಶವಿಲ್ಲದ, ಭೂಮಿಯನ್ನೇ ತೂರಿ ಆಚೆಗೆ ಹೋಗಬಲ್ಲ ಆ ಕಣ ಸಿಕ್ಕಿದ್ದು ೧೯೫೬ರಲ್ಲಿ. ರೈನ್ಸ್ ಮತ್ತು ಕೋವನ್ ಅದನ್ನು ಪರಮಾಣು ಸ್ಥಾವರವೊಂದರ ಬಳಿ ಪತ್ತೆಹಚ್ಚಿದರು. ಮನುಷ್ಯ ಕಟ್ಟಿದ ಸ್ಥಾವರದಲ್ಲಿ ಹುಟ್ಟಿದ ನ್ಯೂಟ್ರಿನೋ ಸಿಕ್ಕಿತು, ಸರಿ. ಪ್ರಕೃತಿ ತಾನಾಗಿ ಹುಟ್ಟಿಸುವ ನ್ಯೂಟ್ರಿನೋ ಎಲ್ಲಿ? ಈ ಪ್ರಶ್ನೆಗೆ ಉತ್ತರ ಕೊಟ್ಟ ಸ್ಥಳಗಳಲ್ಲಿ ಕೋಲಾರ ಒಂದು.

ಆಕಾಶದಿಂದ ವಿಶ್ವಕಿರಣಗಳು ಎಡೆಬಿಡದೆ ಭೂಮಿಯ ಮೇಲೆ ಸುರಿಯುತ್ತಿವೆ. ಅವು ಮೇಲಿನ ಗಾಳಿಗೆ ಬಡಿದು ಮ್ಯೂಯಾನ್ ಎಂಬ ಕಣಗಳನ್ನು ಹುಟ್ಟಿಸುತ್ತವೆ. ನೀವು ಅಂಗೈ ಚಾಚಿದರೆ ಸೆಕೆಂಡಿಗೆ ಒಂದರಂತೆ ಮ್ಯೂಯಾನುಗಳು ಅದನ್ನು ಹಾದುಹೋಗುತ್ತವೆ. ನಿಮಗೆ ತಿಳಿಯುವುದಿಲ್ಲ, ಅಷ್ಟೆ. ಬೆಂಗಳೂರಿನ ಭಾರತೀಯ ವಿಜ್ಞಾನ ಮಂದಿರದಲ್ಲಿದ್ದಾಗ ಹೋಮಿ ಭಾಭಾ ಈ ಕಿರಣಗಳ ಅಧ್ಯಯನಕ್ಕೆ ಒಂದು ವಿಭಾಗವನ್ನು ಕಟ್ಟಿದ್ದರು. ೧೯೪೫ರಲ್ಲಿ ಅವರು ಸ್ಥಾಪಿಸಿದ ಟಾಟಾ ಮೂಲಭೂತ ಸಂಶೋಧನ ಸಂಸ್ಥೆಯ ಕೆಲಸವೂ ಮೊದಲು ಬೆಂಗಳೂರಿನಲ್ಲೇ ಶುರುವಾಗಿ ಅನಂತರ ಮುಂಬಯಿಗೆ ಹೋಯಿತು. ನಂಜನಗೂಡಿನಲ್ಲಿ ಹುಟ್ಟಿದ ಬಿ. ವಿ. ಶ್ರೀಕಂಠನ್ ಆ ಸಂಸ್ಥೆಯ ತರುಣ ವಿಜ್ಞಾನಿ. ಮ್ಯೂಯಾನುಗಳು ಬಂಡೆಯನ್ನು ಎಷ್ಟು ಆಳದವರೆಗೆ ತೂರಬಲ್ಲವು ಎಂದು ಅಳೆಯಲು ಅವರು ೧೯೫೧ರಲ್ಲಿ ಕೋಲಾರದ ಗಣಿಗೆ ಇಳಿದರು. ಚಿನ್ನದ ಅದಿರಿಗಾಗಿ ಕೊರೆದ ಆ ಸುರಂಗಗಳು ಮೂರು ಕಿಲೋಮೀಟರಿಗೂ ಹೆಚ್ಚು ಆಳದವರೆಗೆ ಇಳಿದಿದ್ದುವು. ಅಷ್ಟು ಆಳಕ್ಕೆ ಮನುಷ್ಯ ಇಳಿಯಬಹುದಾದ ಸ್ಥಳಗಳು ಲೋಕದಲ್ಲೇ ಬೆರಳೆಣಿಕೆಯಷ್ಟು. ಬಂಡೆಯೇ ಬಿಸಿಯಾಗಿರುವ, ಆಗಾಗ ಸಿಡಿದು ಪ್ರಾಣ ತೆಗೆಯುವ ಆಳ ಅದು. ತಲೆತಲಾಂತರದಿಂದ ಆ ಕತ್ತಲೆಯಲ್ಲಿ ಬೆವರು ಸುರಿಸಿದ ಕಾರ್ಮಿಕರ ಹೆಸರು ವಿಜ್ಞಾನದ ಗ್ರಂಥಗಳಲ್ಲಿಲ್ಲ. ಅವರು ಕೊರೆದ ದಾರಿಯಿಲ್ಲದೆ ಈ ಅಧ್ಯಾಯವೂ ಇರುತ್ತಿರಲಿಲ್ಲ.

ಆಳಕ್ಕೆ ಹೋದಂತೆ ಮ್ಯೂಯಾನುಗಳು ಕಡಿಮೆಯಾದುವು. ೧೯೬೦ರ ದಶಕದ ಮೊದಲಲ್ಲಿ ಮಿಯಾಕೆ, ನರಸಿಂಹಂ, ರಮಣಮೂರ್ತಿ ಎಂಬ ವಿಜ್ಞಾನಿಗಳು ಇನ್ನೂ ಕೆಳಗೆ, ಸುಮಾರು ೨.೭ ಕಿಲೋಮೀಟರ್ ಆಳದಲ್ಲಿ ಉಪಕರಣಗಳನ್ನಿಟ್ಟು ಸುಮಾರು ಎರಡು ತಿಂಗಳು ಕಾದರು. ಒಂದೇ ಒಂದು ಮ್ಯೂಯಾನೂ ಬರಲಿಲ್ಲ. ಎರಡು ತಿಂಗಳ ಶ್ರಮಕ್ಕೆ ಸಿಕ್ಕಿದ್ದು ಸೊನ್ನೆ! ಆದರೆ ಆ ಸೊನ್ನೆಯ ಬೆಲೆಯನ್ನು ಅವರು ಬಲ್ಲವರಾಗಿದ್ದರು. ಜಾತ್ರೆಯ ಗದ್ದಲದಲ್ಲಿ ಪಿಸುಮಾತು ಕೇಳಿಸದು. ಗದ್ದಲವೇ ಇಲ್ಲದ ಜಾಗ ಸಿಕ್ಕಿದರೆ ಪಿಸುಮಾತನ್ನೂ ಕೇಳಬಹುದು. ಮ್ಯೂಯಾನುಗಳನ್ನೆಲ್ಲ ಬಂಡೆ ಸೋಸಿಬಿಡುವ ಇಂಥ ಕಡೆ ನ್ಯೂಟ್ರಿನೋವನ್ನು ಹಿಡಿಯುವುದು ಸಾಧ್ಯವೆಂದು ಗೊತ್ತಾಯಿತು. ಟಾಟಾ ಸಂಸ್ಥೆಯೊಡನೆ ಜಪಾನಿನ ಒಸಾಕಾ, ಇಂಗ್ಲೆಂಡಿನ ಡರ್ಹಮ್ ವಿಶ್ವವಿದ್ಯಾನಿಲಯಗಳವರು ಕೈಗೂಡಿಸಿದರು. ಸುಮಾರು ೨.೩ ಕಿಲೋಮೀಟರ್ ಆಳದಲ್ಲಿ ಉಪಕರಣಗಳನ್ನು ಗೋಡೆಗಳಂತೆ ನಿಲ್ಲಿಸಿದರು. ಮೇಲಿನಿಂದ ನೆಟ್ಟಗೆ ಬರುವುದು ಮ್ಯೂಯಾನು ಇರಬಹುದು. ಅಡ್ಡಡ್ಡವಾಗಿ ಬರುವ ಕಣ ಎಷ್ಟೋ ಕಿಲೋಮೀಟರ್ ಬಂಡೆಯನ್ನು ದಾಟಿ ಬರುವುದು ಅಸಾಧ್ಯ. ಅದು ಅಲ್ಲೇ ಸಮೀಪದ ಬಂಡೆಯಲ್ಲಿ ನ್ಯೂಟ್ರಿನೋ ಬಡಿದು ಹುಟ್ಟಿದ ಕಣವೇ ಆಗಿರಬೇಕು. ೧೯೬೫ರಲ್ಲಿ ಅಂಥ ಅಡ್ಡಗೀರುಗಳು ಕಂಡುವು. ವಿಶ್ವಕಿರಣಗಳು ಗಾಳಿಯಲ್ಲಿ ಹುಟ್ಟಿಸುವ ನ್ಯೂಟ್ರಿನೋಗಳ ಮೊದಲ ಗುರುತುಗಳು ಅವು. ಅದೇ ವರ್ಷ ದಕ್ಷಿಣ ಆಫ್ರಿಕದ ಚಿನ್ನದ ಗಣಿಯೊಂದರಲ್ಲಿ ರೈನ್ಸ್‌ನ ತಂಡಕ್ಕೂ ಅವು ದೊರೆತುವು.

ಇದು ‘ಹೌದು’ ಎಂಬ ಉತ್ತರದ ಕಥೆ. ಕೋಲಾರದ ಹೆಸರು ಬಂದಾಗಲೆಲ್ಲ ಎಲ್ಲರೂ ಇದನ್ನು ಹೇಳುತ್ತಾರೆ. ಮುಂದಿನ ಕಥೆಯನ್ನು ಹೇಳುವವರು ಕಡಿಮೆ.

ಪ್ರೋಟಾನು ಚಿರಂಜೀವಿಯೇ? ೧೯೭೪ರಲ್ಲಿ ರೂಪುಗೊಂಡ ಒಂದು ಸಿದ್ಧಾಂತ ‘ಅಲ್ಲ’ ಎಂದಿತು. ಪ್ರಕೃತಿಯ ಮೂರು ಬಲಗಳನ್ನು ಒಂದೇ ಮೂಲಕ್ಕೆ ತರುವ ಬಹು ಸುಂದರವಾದ ಸಿದ್ಧಾಂತ ಅದು. ಅದರಂತೆ ಪ್ರೋಟಾನು ಕೂಡ ಒಂದು ದಿನ ಅಳಿಯಬೇಕು. ಆದರೆ ಅದರ ಆಯುಸ್ಸು ಒಂದರ ಮುಂದೆ ಮೂವತ್ತು ಸೊನ್ನೆಗಳನ್ನು ಬರೆದರೆ ಬರುವಷ್ಟು ವರ್ಷಗಳ ಆಸುಪಾಸು. ವಿಶ್ವದ ವಯಸ್ಸೇ ಸುಮಾರು ೧೩೮೦ ಕೋಟಿ ವರ್ಷ. ಇದನ್ನು ಪರೀಕ್ಷಿಸುವುದೆಂತು? ಬೀದಿದೀಪದ ಬಲ್ಬೊಂದು ಕೆಡುವುದನ್ನು ನೋಡಬೇಕೆಂದು ಅದರ ಕೆಳಗೆ ನಿಂತರೆ ವರ್ಷಗಟ್ಟಲೆ ಕಾಯಬೇಕು. ಊರಿನ ಸಾವಿರಾರು ದೀಪಗಳ ಮೇಲೆ ಕಣ್ಣಿಟ್ಟರೆ ಹೆಚ್ಚುಕಡಿಮೆ ದಿನಕ್ಕೊಂದು ಕೆಡುವುದನ್ನು ಕಾಣಬಹುದು. ಒಂದು ಪ್ರೋಟಾನನ್ನು ಕಾಯುವ ಬದಲು ಅಸಂಖ್ಯಾತ ಪ್ರೋಟಾನುಗಳನ್ನು ಒಟ್ಟಿಗೆ ಕಾಯಬೇಕು. ೧೯೮೦ರ ಕೊನೆಯಲ್ಲಿ ಭಾರತ ಮತ್ತು ಜಪಾನಿನ ವಿಜ್ಞಾನಿಗಳು ಅದೇ ೨.೩ ಕಿಲೋಮೀಟರ್ ಆಳದಲ್ಲಿ ೧೪೦ ಟನ್ನಿನಷ್ಟು ಕಬ್ಬಿಣದ ಹಲಗೆಗಳನ್ನು, ನಡುನಡುವೆ ಕಣಗಳನ್ನು ಎಣಿಸುವ ಕೊಳವೆಗಳನ್ನಿಟ್ಟು, ಒಂದರ ಮೇಲೊಂದು ಪೇರಿಸಿದರು. ಅಷ್ಟು ಕಬ್ಬಿಣದಲ್ಲಿರುವ ಪ್ರೋಟಾನು, ನ್ಯೂಟ್ರಾನುಗಳ ಸಂಖ್ಯೆ ಸುಮಾರು ಎಂಟರ ಮುಂದೆ ಮೂವತ್ತೊಂದು ಸೊನ್ನೆ. ಬೀಜದೊಳಗಿನ ನ್ಯೂಟ್ರಾನಿಗೂ ಇದೇ ಗತಿಯೆಂದು ಸಿದ್ಧಾಂತ ಹೇಳುತ್ತಿತ್ತು. ಆಯುಸ್ಸು ಒಂದರ ಮುಂದೆ ಮೂವತ್ತೊಂದು ಸೊನ್ನೆಯಷ್ಟು ವರ್ಷವಾಗಿದ್ದರೆ ವರ್ಷಕ್ಕೆ ಎಂಟರಂತೆ ಸಾವು ಸಂಭವಿಸಬೇಕು. ಗಣಿತ ಇಷ್ಟು ಸರಳ. ಕಾಯುವುದು ಮಾತ್ರ ಕಷ್ಟ.

ಕಾದರು. ಪ್ರೋಟಾನಿನ ಸಾವಿನಂತೆ ತೋರುವ ಕೆಲವು ಘಟನೆಗಳು ಕಂಡುವು. ವಿಜ್ಞಾನಿಗಳು ಅವನ್ನು ಬಚ್ಚಿಡಲಿಲ್ಲ, ‘ಹೀಗೆ ಇರಬಹುದು’ ಎಂದು ಲೋಕದ ಮುಂದೆ ಇಟ್ಟರು. ಲೋಕ ಬೆರಗಾಯಿತು. ಆದರೆ ನ್ಯೂಟ್ರಿನೋ ಬಡಿದಾಗಲೂ ಕೆಲವೊಮ್ಮೆ ಅಂಥದೇ ಗುರುತು ಮೂಡಬಹುದು. ಅಮೆರಿಕದ ಉಪ್ಪಿನ ಗಣಿಯೊಂದರಲ್ಲಿ, ಜಪಾನಿನ ಕಾಮಿಯೋಕಾ ಎಂಬಲ್ಲಿಯ ಗಣಿಯಲ್ಲಿ, ಸಾವಿರಾರು ಟನ್ ನೀರು ತುಂಬಿದ ದೊಡ್ಡ ತೊಟ್ಟಿಗಳಲ್ಲಿ ಬೇರೆ ತಂಡಗಳು ಇದೇ ಪ್ರಶ್ನೆಯನ್ನು ಕೇಳಿದುವು. ಅಲ್ಲಿ ಸಾವು ಕಾಣಲಿಲ್ಲ. ಕೋಲಾರದಲ್ಲಿ ೨೬೦ ಟನ್ನಿನ ಎರಡನೆಯ ಉಪಕರಣವನ್ನೂ ಕಟ್ಟಿದರು. ಆದರೂ ಮೊದಲಿನ ಸಂಶಯ ನಿಶ್ಚಯವಾಗಲಿಲ್ಲ. ೧೯೯೦ರ ದಶಕದ ಆರಂಭದಲ್ಲಿ ಪ್ರಯೋಗ ನಿಂತಿತು. ೨೦೦೧ರಲ್ಲಿ ಗಣಿಯೇ ಮುಚ್ಚಿತು.

ನಾನು ಪಾಠ ಹೇಳುತ್ತಿದ್ದ ಕಾಲದಲ್ಲಿ ಹುಡುಗನೊಬ್ಬ ಇದನ್ನು ಕೇಳಿ, “ಹಾಗಾದರೆ ಕೊನೆಗೆ ಏನೂ ಸಿಗಲಿಲ್ಲವಲ್ಲ ಸಾರ್?” ಎಂದಿದ್ದ. ದೊಡ್ಡವರೂ ಇದನ್ನೇ ಬೇರೆ ಮಾತುಗಳಲ್ಲಿ ಕೇಳುತ್ತಾರೆ; ಬಡತನ ತುಂಬಿದ ನಾಡಿಗೆ ಪ್ರೋಟಾನಿನ ಚಿಂತೆ ಏಕೆ ಎನ್ನುತ್ತಾರೆ. ಖರ್ಚನ್ನು ಪ್ರಶ್ನಿಸುವ ಹಕ್ಕು ಪ್ರಜೆಗಳಿಗೆ ಉಂಟು. ಆ ಪ್ರಶ್ನೆಯನ್ನು ನಾನು ಹಗುರವಾಗಿ ಕಾಣುವುದಿಲ್ಲ. ಆದರೆ ಅದನ್ನು ಕೇಳಬೇಕಾದ ಹೊತ್ತು ಪ್ರಯೋಗಕ್ಕೆ ಮೊದಲು. ಪ್ರಶ್ನೆ ಯೋಗ್ಯವೇ, ವಿಧಾನ ಸರಿಯೇ, ವೆಚ್ಚ ನಮ್ಮ ಶಕ್ತಿಗೆ ತಕ್ಕದ್ದೇ ಎಂದು ಆಗ ವಿಚಾರಿಸಬೇಕು. ಉತ್ತರ ಬಂದ ಮೇಲೆ, ‘ಹೌದು’ ಆದರೆ ಮಾಲೆ ಹಾಕಿ, ‘ಇಲ್ಲ’ ಆದರೆ ಮುಖ ತಿರುಗಿಸುವುದಾದರೆ ನಾವು ಕೇಳಿದ್ದು ಪ್ರಶ್ನೆಯೇ ಅಲ್ಲ, ಹೊಗಳಿಕೆಯನ್ನು ಬೇಡಿದ್ದಷ್ಟೆ. ಮೇಲಾಗಿ ಇಲ್ಲಿ ‘ಏನೂ ಸಿಗಲಿಲ್ಲ’ ಎಂಬುದು ನಿಜವೂ ಅಲ್ಲ. ಕಾಮಿಯೋಕಾದಲ್ಲಿ ೧೯೯೬ರಲ್ಲಿ ಆರಂಭವಾದ ೫೦,೦೦೦ ಟನ್ ನೀರಿನ ತೊಟ್ಟಿಯೂ ಪ್ರೋಟಾನಿನ ಸಾವನ್ನು ಈವರೆಗೆ ಕಂಡಿಲ್ಲ. ಸಿದ್ಧಾಂತ ಮುಖ್ಯವಾಗಿ ನಿರೀಕ್ಷಿಸಿದ ಬಗೆಯ ಅಳಿವಿಗೆ, ಆಯುಸ್ಸು ಒಂದರ ಮುಂದೆ ಮೂವತ್ತನಾಲ್ಕು ಸೊನ್ನೆಗಿಂತಲೂ ಹೆಚ್ಚು ವರ್ಷವಾಗಿರಬೇಕೆಂದು ಇದರಿಂದ ತಿಳಿದಿದೆ. ೧೯೭೪ರ ಆ ಸುಂದರ ಸಿದ್ಧಾಂತವನ್ನು ಅದರ ಮೊದಲ ರೂಪದಲ್ಲಿ ಇಂದು ಯಾರೂ ನಂಬುವುದಿಲ್ಲ. ಅದನ್ನು ಬಿಡಿಸಿದ್ದು ಇನ್ನೊಂದು ಸಿದ್ಧಾಂತದ ವಾಕ್ಚಾತುರ್ಯವಲ್ಲ. ಕತ್ತಲೆಯಲ್ಲಿ ವರ್ಷಗಟ್ಟಲೆ ಕಾದು ಪಡೆದ ‘ಇಲ್ಲ’. ವಸುಬಂಧುವಿಗೂ ಶಂಕರರಿಗೂ ದೊರೆಯದಿದ್ದ ಉಪಕರಣ ಇದೇ.

ಕಾಮಿಯೋಕಾದವರ ತಾಳ್ಮೆಗೆ ಬೇರೊಂದು ಫಲವೂ ಬಂತು. ಅವರ ಮೊದಲ ತೊಟ್ಟಿಯನ್ನು ಕಟ್ಟಿದ್ದು ಪ್ರೋಟಾನಿನ ಸಾವಿಗಾಗಿ. ೧೯೮೭ರ ಫೆಬ್ರವರಿ ೨೩ರಂದು, ಸುಮಾರು ಒಂದು ಲಕ್ಷ ಅರವತ್ತು ಸಾವಿರ ಜ್ಯೋತಿರ್ವರ್ಷಗಳಾಚೆ ಸಿಡಿದ ನಕ್ಷತ್ರದ ನ್ಯೂಟ್ರಿನೋಗಳಲ್ಲಿ ಕೆಲವು ಆ ನೀರಿನಲ್ಲಿ ಗುರುತು ಬಿಟ್ಟುಹೋದುವು. ಎರಡನೆಯ, ದೊಡ್ಡ ತೊಟ್ಟಿ ೧೯೯೮ರಲ್ಲಿ ಇನ್ನೊಂದನ್ನು ತಿಳಿಸಿತು: ನ್ಯೂಟ್ರಿನೋಗಳು ದಾರಿಯಲ್ಲಿ ತಮ್ಮ ಬಗೆಯನ್ನು ಬದಲಿಸಿಕೊಳ್ಳುತ್ತವೆ, ಆದುದರಿಂದ ಅವು ತೂಕವಿಲ್ಲದವಲ್ಲ. ಅಲ್ಲಿ ಅಭ್ಯಾಸಕ್ಕೆ ಒಳಗಾದದ್ದು ಕೋಲಾರದಲ್ಲಿ ೧೯೬೫ರಲ್ಲಿ ಕಂಡ ಅದೇ ಬಗೆಯ, ಗಾಳಿಯಲ್ಲಿ ಹುಟ್ಟುವ ನ್ಯೂಟ್ರಿನೋಗಳು. ಈ ಕೆಲಸಗಳಿಗಾಗಿ ಕೋಶಿಬಾ ೨೦೦೨ರಲ್ಲಿ, ಕಾಜಿತಾ ೨೦೧೫ರಲ್ಲಿ ನೊಬೆಲ್ ಪಾರಿತೋಷಕಕ್ಕೆ ಪಾತ್ರರಾದರು.

೨೦೧೨ರ ಜುಲೈ ೪ರಂದು ಜಿನೀವಾದಲ್ಲಿ ಹಿಗ್ಸ್ ಬೋಸಾನ್ ಸಿಕ್ಕಿದ ವಾರ್ತೆ ಬಂದಾಗ ನಮ್ಮ ಪತ್ರಿಕೆಗಳು ‘ದೇವಕಣ’ ಎಂದು ಸಂಭ್ರಮಿಸಿದುವು. ಹಿಗ್ಸ್ ಅವರಿಗೇ ಆ ಹೆಸರು ಹಿಡಿಸಿರಲಿಲ್ಲ. ಬೋಸಾನ್ ಎಂಬುದರಲ್ಲಿ ನಮ್ಮ ಸತ್ಯೇಂದ್ರನಾಥ ಬೋಸರ ಹೆಸರಿರುವಾಗ ಮತ್ತೊಂದು ಹೆಸರಿನ ಅಗತ್ಯವೇನಿತ್ತೋ ನನಗೆ ತಿಳಿಯದು. ೧೯೬೪ರಲ್ಲಿ ಎದ್ದ ಪ್ರಶ್ನೆಗೆ ನಾಲ್ವತ್ತೆಂಟು ವರ್ಷ ಕಳೆದ ಮೇಲೆ ಉತ್ತರ ಬಂತು. ಆ ನಡುವಿನ ವರ್ಷಗಳಲ್ಲಿ ‘ಇಲ್ಲಿ ಇಲ್ಲ, ಇಷ್ಟು ತೂಕದಲ್ಲಿ ಇಲ್ಲ’ ಎಂದು ಒಂದೊಂದೇ ಕೋಣೆಯ ಬಾಗಿಲು ತೆರೆದು ನೋಡಿ ಮುಚ್ಚಿದವರನ್ನು ಯಾವ ಪತ್ರಿಕೆಯೂ ಕೊಂಡಾಡಲಿಲ್ಲ.

ಇಷ್ಟೆಲ್ಲ ಎಣಿಸಿ ಇಟ್ಟ ಹನ್ನೆರಡು ಕಣಗಳಿಂದ ವಿಶ್ವದ ಎಷ್ಟು ಪಾಲು ಆಗಿದೆ? ಖಗೋಳಜ್ಞರ ಲೆಕ್ಕದಂತೆ ನೂರಕ್ಕೆ ಸುಮಾರು ಐದು ಪಾಲು ಮಾತ್ರ. ಸುಮಾರು ಇಪ್ಪತ್ತೇಳು ಪಾಲು ಕಪ್ಪುದ್ರವ್ಯ, ಮಿಕ್ಕದ್ದು ಕಪ್ಪುಶಕ್ತಿ. ನಕ್ಷತ್ರಗಳನ್ನೂ ಗೆಲಾಕ್ಸಿಗಳನ್ನೂ ಎಳೆಯುವ ಅದರ ಸೆಳೆತದಿಂದ ಕಪ್ಪುದ್ರವ್ಯ ಇರುವುದು ಗೊತ್ತು. ಅದು ಯಾವ ಕಣದಿಂದಾದದ್ದೋ ಗೊತ್ತಿಲ್ಲ. ಅದನ್ನು ಹಿಡಿಯಲು ಇಟಲಿಯ ಬೆಟ್ಟದಡಿಯಲ್ಲಿ, ಅಮೆರಿಕದ ಹಳೆಯ ಚಿನ್ನದ ಗಣಿಯಲ್ಲಿ, ಚೀನಾದ ಸುರಂಗದಲ್ಲಿ ಉಪಕರಣಗಳು ಕಾಯುತ್ತಿವೆ. ನಮ್ಮ ದೇಶದಲ್ಲಿ ಜಾರ್ಖಂಡದ ಜಾದುಗುಡ ಯುರೇನಿಯಂ ಗಣಿಯೊಳಗೆ, ೫೫೫ ಮೀಟರ್ ಆಳದಲ್ಲಿ, ೨೦೧೭ರಲ್ಲಿ ಇದಕ್ಕಾಗಿ ಒಂದು ಪ್ರಯೋಗಶಾಲೆ ತೆರೆಯಿತು. ಎಲ್ಲರೂ ಒಪ್ಪುವಂಥ ಗುರುತು ಇದುವರೆಗೆ ಯಾರಿಗೂ ಸಿಕ್ಕಿಲ್ಲ.